ಕೆಜಿಎಫ್‌ಗೆ ಒಂದು ದಿನದ ಪ್ರವಾಸ: ಗೇಟು ನೋಡಿಕೊಂಡು ವಾಪಸ್ ಬರದಿರಲು ಯಾವ ಕೆಲಸ ಮೊದಲು, ಯಾವುದು ಆಮೇಲೆ

ಕೆಜಿಎಫ್‌ಗೆ, ಅಂದರೆ ಕೋಲಾರ ಚಿನ್ನದ ಗಣಿಯ ಊರಿಗೆ, ಹೋಗಿ ಬೇಸರಪಟ್ಟು ಬಂದವರೆಲ್ಲ ಹೇಳುವುದು ಹೆಚ್ಚುಕಡಿಮೆ ಒಂದೇ ಮಾತು. ಬೆಳಿಗ್ಗೆ ಹತ್ತಕ್ಕೆ ತಲುಪಿದೆವು, ಗಣಿಯ ಗೇಟಿನಲ್ಲಿ ಕಾವಲುಗಾರ ಒಳಗೆ ಬಿಡಲಿಲ್ಲ, ಬಿಸಿಲಲ್ಲಿ ಸೈನೈಡ್ ದಿಬ್ಬದ (ಚಿನ್ನ ತೆಗೆದ ಮೇಲೆ ಉಳಿದ ಪುಡಿಯ ರಾಶಿ) ಮುಂದೆ ನಾಲ್ಕು ಫೋಟೊ ತೆಗೆದು ಕೋಟಿಲಿಂಗೇಶ್ವರ ದೇವಸ್ಥಾನಕ್ಕೆ ಹೋಗಿ ಬಂದೆವು. ತಪ್ಪು ಊರಿನದ್ದಲ್ಲ, ಕೆಲಸಗಳನ್ನು ಜೋಡಿಸಿದ ಕ್ರಮದ್ದು. ಇಲ್ಲಿ ಟಿಕೆಟ್ ಕೌಂಟರ್ ಇಲ್ಲ, ಪ್ರವೇಶದ್ವಾರವೆಂಬ ಒಂದು ಜಾಗವಿಲ್ಲ, ವಿವರಿಸುವ ಫಲಕಗಳೂ ಇಲ್ಲ ಎನ್ನುವಷ್ಟು ಕಡಿಮೆ. ಬ್ರಿಟಿಷರ ಬಂಗಲೆಗಳು, ಕಾರ್ಮಿಕರ ಲೈನ್‌ಗಳು (ಸಾಲುಮನೆಗಳು), ಚರ್ಚು, ಕ್ಲಬ್ಬು, ಶಾಫ್ಟ್‌ಗಳು (ಗಣಿಗೆ ಇಳಿಯುವ ಆಳದ ಬಾವಿಗಳು) ಎಲ್ಲ ಜನ ಇಂದಿಗೂ ಬದುಕುತ್ತಿರುವ ಊರಿನೊಳಗೆ ಚದುರಿವೆ. ತೋರಿಸುವ ಮನುಷ್ಯ ಸಿಗದೆ ಹೋದರೆ ಕಣ್ಣಿಗೆ ಬೀಳುವುದು ಮುರಿದ ಗೋಡೆ, ಜಾಲಿಗಿಡ ಅಷ್ಟೇ.

ಒಂದು ವಿಷಯ ಮೊದಲೇ ಮನಸ್ಸಿಗೆ ಹಾಕಿಕೊಳ್ಳಿ. ಗಣಿಯೊಳಗೆ ಇಳಿಯಲು ಆಗುವುದಿಲ್ಲ. ಗಣಿ ನಡೆಸುತ್ತಿದ್ದ ಬಿಜಿಎಂಎಲ್ (ಭಾರತ್ ಗೋಲ್ಡ್ ಮೈನ್ಸ್ ಲಿಮಿಟೆಡ್) ಕೆಲಸ ನಿಲ್ಲಿಸಿದ್ದು 2001ರ ಫೆಬ್ರುವರಿ 28ರಂದು. ಪಂಪ್‌ಗಳು ನಿಂತ ಮೇಲೆ ಸುರಂಗಗಳಲ್ಲಿ ನೀರು ತುಂಬಿದೆ. ಸಿನಿಮಾ ನೋಡಿ ಹೊರಟ ಹುಡುಗರಿಗೆ ಇದನ್ನು ಬಸ್ ಹತ್ತುವ ಮುಂಚೆಯೇ ಹೇಳಿಬಿಡಿ. ಅಲ್ಲಿಗೆ ಹೋದ ಮೇಲೆ ಹೇಳಿದರೆ ಇಡೀ ದಿನ ಮುಖ ಊದಿಸಿಕೊಂಡೇ ಇರುತ್ತಾರೆ.

ಹಂತ 1: ಊರಿನ ಹೆಸರುಗಳನ್ನು ಬಿಡಿಸಿಕೊಳ್ಳಿ

ಕೆಜಿಎಫ್ ಒಂದೇ ಊರು ಎಂದುಕೊಂಡು ಹೊರಡುವುದೇ ಮೊದಲ ತಪ್ಪು. ರೈಲ್ವೆಯಲ್ಲಿ ಕೆಜಿಎಫ್ ಎಂಬ ಹೆಸರಿನ ಸ್ಟೇಷನ್ ಇಲ್ಲ. ಬಂಗಾರಪೇಟೆಯಿಂದ ಕವಲೊಡೆಯುವ ಸುಮಾರು 16 ಕಿ.ಮೀ. ಹಳಿಯ ಮೇಲೆ ಕೋರಮಂಡಲ್, ಉರಿಗಾಂ, ಚಾಂಪಿಯನ್, ಕೊನೆಗೆ ಮಾರಿಕುಪ್ಪಂ ನಿಲ್ದಾಣಗಳಿವೆ. ಬಸ್ಸಿನ ಬೋರ್ಡಿನಲ್ಲಿ ಕೆಜಿಎಫ್ ಎಂದಿರುತ್ತದೆ, ಆದರೆ ಅದು ಇಳಿಸುವುದು ರಾಬರ್ಟ್‌ಸನ್‌ಪೇಟೆಯಲ್ಲಿ. ಗುಂಪಿನಲ್ಲಿ ಅರ್ಧ ಜನ ರೈಲಿಗೆ, ಅರ್ಧ ಜನ ಬಸ್ಸಿಗೆ ಬಂದು "ಕೆಜಿಎಫ್‌ನಲ್ಲಿ ಸೇರೋಣ" ಅಂದರೆ ಒಬ್ಬರನ್ನೊಬ್ಬರು ಹುಡುಕುವುದರಲ್ಲೇ ಒಂದು ಗಂಟೆ ಹೋಗುತ್ತದೆ.

ಹೀಗೆ ನೆನಪಿಟ್ಟುಕೊಳ್ಳಿ: ರಾಬರ್ಟ್‌ಸನ್‌ಪೇಟೆ ಅಂದರೆ ಅಂಗಡಿ, ಮಾರುಕಟ್ಟೆ, ಊಟ. ಉರಿಗಾಂ ಅಂದರೆ ಕಚೇರಿ, ಬಂಗಲೆ, ಕ್ಲಬ್. ಚಾಂಪಿಯನ್ ರೀಫ್ ಮತ್ತು ಮಾರಿಕುಪ್ಪಂ ಅಂದರೆ ಶಾಫ್ಟು, ಲೈನು, ದಿಬ್ಬ. ಕಾಗದದ ಮೇಲೆ ಈ ಮೂರು ಗುಂಪು ಬರೆದುಕೊಂಡು ದಿನದ ಓಡಾಟವನ್ನು ಅದರ ಪ್ರಕಾರ ಹಾಕಿಕೊಳ್ಳಿ. ಒಂದು ಕಡೆಯಿಂದ ಇನ್ನೊಂದು ಕಡೆಗೆ ಎರಡೆರಡು ಸಲ ಹೋಗಿಬರುವಂತೆ ಮಾಡಿಕೊಂಡರೆ ಸಂಜೆಯೊಳಗೆ ಮುಗಿಯುವುದಿಲ್ಲ.

ಹಂತ 2: ಮೊದಲು ಮನುಷ್ಯ, ಆಮೇಲೆ ದಿನಾಂಕ

ಹೆಚ್ಚಿನವರು ದಿನಾಂಕ ಗೊತ್ತುಮಾಡಿ, ಬಸ್ ಬುಕ್ ಮಾಡಿ, ಆಮೇಲೆ ಗೈಡ್ ಹುಡುಕುತ್ತಾರೆ. ಇದು ತಲೆಕೆಳಗಾದ ಕ್ರಮ. ಇಲ್ಲಿ ಚೆನ್ನಾಗಿ ತೋರಿಸಬಲ್ಲವರು ಗಣಿಯಲ್ಲಿ ದುಡಿದು ನಿವೃತ್ತರಾದವರು, ಅವರ ಮಕ್ಕಳು, ಸ್ಥಳೀಯ ಶಾಲೆ-ಕಾಲೇಜಿನ ಮೇಷ್ಟ್ರುಗಳು. ಕಾರ್ಮಿಕ ಸಂಘಟನೆಗಳಲ್ಲಿ ಇದ್ದವರು, ಚರ್ಚಿನ ಹಿರಿಯರು, ಕೆಜಿಎಫ್‌ನಿಂದ ಕೋಲಾರಕ್ಕೆ ಪಾಠ ಮಾಡಲು ಬರುವ ಶಿಕ್ಷಕರು, ಇವರ ಮೂಲಕ ಕೇಳಿದರೆ ಎರಡು-ಮೂರು ಹೆಸರು ಸಿಕ್ಕೇ ಸಿಗುತ್ತದೆ. ಕನಿಷ್ಠ ಹದಿನೈದು ದಿನ ಮೊದಲೇ ಮಾತಾಡಿ. ಇವರಲ್ಲಿ ಬಹಳಷ್ಟು ಮಂದಿ ಎಪ್ಪತ್ತು ದಾಟಿದವರು, ಧೂಳಿನಲ್ಲಿ ದುಡಿದ ಎದೆಯವರು. ದಿನಪೂರ್ತಿ ನಡೆಸಬೇಡಿ. ಆಟೋ ಅಥವಾ ಕಾರಿನ ವ್ಯವಸ್ಥೆ ನಿಮ್ಮದೇ ಇರಲಿ.

ಫೋನಿನಲ್ಲಿ ಕೇಳಬೇಕಾದ್ದು ನಾಲ್ಕು ಪ್ರಶ್ನೆ. ಯಾವ ಗಣಿಯಲ್ಲಿ ಕೆಲಸ ಮಾಡಿದ್ದು: ಚಾಂಪಿಯನ್ ರೀಫ್, ಮೈಸೂರು, ನಂದಿದುರ್ಗ? ಕೆಳಗೆ ಇಳಿಯುತ್ತಿದ್ದಿರಾ, ಮೇಲೆ ಅದಿರು ಅರೆಯುವ ಮಿಲ್ಲಿನಲ್ಲಿದ್ದಿರಾ? ಈಗ ಯಾವ ಜಾಗಕ್ಕೆ ಬಿಡುತ್ತಾರೆ, ಯಾವುದಕ್ಕೆ ಬಿಡುವುದಿಲ್ಲ? ನಿಮಗೆ ಎಷ್ಟು ಕೊಡಬೇಕು? ನಾಲ್ಕನೆಯ ಪ್ರಶ್ನೆಗೆ "ನಿಮ್ಮಿಷ್ಟ ಸಾರ್" ಎಂಬ ಉತ್ತರ ಬಂದರೆ ಅಲ್ಲಿಗೇ ಬಿಡಬೇಡಿ. ಮೊತ್ತವನ್ನು ನೀವೇ ಹೇಳಿ ಒಪ್ಪಿಸಿಕೊಳ್ಳಿ. ಸಂಜೆ ಕೈಗೆ ಸಿಕ್ಕಷ್ಟು ತುರುಕಿ ಬರುವುದು ಇಬ್ಬರಿಗೂ ಮುಜುಗರ.

ಮೂರನೆಯ ಪ್ರಶ್ನೆಯೇ ಪರೀಕ್ಷೆ. "ಎಲ್ಲಾ ಕಡೆ ಬಿಡಿಸ್ತೀನಿ, ಸುರಂಗದ ಬಾಯಿಯೊಳಗೂ ಕರ್ಕೊಂಡು ಹೋಗ್ತೀನಿ" ಎನ್ನುವವರು ಸಿಕ್ಕರೆ ಫೋನ್ ಇಟ್ಟುಬಿಡಿ. ಗಣಿ ಬಲ್ಲವರು ಹಾಗೆ ಹೇಳುವುದಿಲ್ಲ.

ಹಂತ 3: ಅನುಮತಿ ಕಾಗದದ ಮೇಲಿರಲಿ

ಶಾಫ್ಟ್‌ಗಳು, ಹಳೆಯ ಮಿಲ್, ದಿಬ್ಬಗಳು ಇರುವ ನೆಲ ಬಹುಪಾಲು ಬಿಜಿಎಂಎಲ್‌ಗೆ ಸೇರಿದ್ದು. ಅದು ಕೇಂದ್ರ ಗಣಿ ಸಚಿವಾಲಯದ ಅಡಿಯ ಕಂಪನಿ. ಗಣಿ ಮುಚ್ಚಿದರೂ ಕಚೇರಿ, ಕಾವಲು ಎರಡೂ ಇವೆ. ಸಾರ್ವಜನಿಕ ರಸ್ತೆಯಲ್ಲಿ ನಿಂತು ನೋಡಲು ಯಾರ ಅಪ್ಪಣೆಯೂ ಬೇಡ, ಬೇಲಿ ದಾಟಲು ಬೇಕು. ಐದಾರು ಜನ ರಸ್ತೆಯಿಂದಲೇ ನೋಡಿ ಬರುವುದಾದರೆ ಈ ಹಂತ ಬಿಟ್ಟುಬಿಡಿ. ಶಾಲೆಯ ಮಕ್ಕಳು, ಕಾಲೇಜು ತಂಡ, ಇಪ್ಪತ್ತಕ್ಕಿಂತ ಹೆಚ್ಚು ಜನ ಇದ್ದರೆ ಬಿಡಬೇಡಿ.

ಪತ್ರ ಒಂದೇ ಪುಟದಲ್ಲಿ ಮುಗಿಯಲಿ. ಬರುವ ದಿನ ಮತ್ತು ಸಮಯ, ಜನರ ಸಂಖ್ಯೆ, ಉದ್ದೇಶ, ನೋಡಬೇಕೆಂದಿರುವ ಜಾಗಗಳು, ವಾಹನದ ನಂಬರ್, ಜೊತೆಗಿರುವ ಸ್ಥಳೀಯರ ಹೆಸರು, ಜವಾಬ್ದಾರಿ ಹೊರುವವರ ಸಹಿ ಮತ್ತು ಫೋನ್. ಹೆಸರುಗಳ ಪಟ್ಟಿ ಬೇರೆ ಹಾಳೆಯಲ್ಲಿ. "ಗಣಿ ವೀಕ್ಷಣೆ" ಎಂದು ಮಾತ್ರ ಬರೆದರೆ ತಿರಸ್ಕರಿಸುವುದು ಸುಲಭ. "ರಸ್ತೆ ಬದಿಯಿಂದ ಶಾಫ್ಟ್‌ನ ಹೆಡ್‌ಗೇರ್ ಹೊರನೋಟ, ಒಳಪ್ರವೇಶವಿಲ್ಲ" ಎಂದು ಬಿಡಿಸಿ ಬರೆದರೆ (ಹೆಡ್‌ಗೇರ್ ಅಂದರೆ ಶಾಫ್ಟಿನ ಬಾಯಿಯ ಮೇಲಿನ ಚಕ್ರದ ಗೋಪುರ) ಅಧಿಕಾರಿಗೂ ಒಪ್ಪಲು ಕಷ್ಟವಿಲ್ಲ. ಎರಡು ಪ್ರತಿ ತೆಗೆದುಕೊಂಡು ಕೆಲಸದ ದಿನ ಖುದ್ದಾಗಿ ಕೊಟ್ಟು, ಒಂದಕ್ಕೆ ಸ್ವೀಕೃತಿ ಮುದ್ರೆ ಹಾಕಿಸಿಕೊಳ್ಳಿ. ಫೋನಿನಲ್ಲಿ ಯಾರೋ "ಬನ್ನಿ ಬನ್ನಿ" ಎಂದದ್ದು ಗೇಟಿನ ಹತ್ತಿರ ನಡೆಯುವುದಿಲ್ಲ. ಆ ದಿನ ಪಾಳಿಯಲ್ಲಿರುವ ಕಾವಲುಗಾರನಿಗೆ ಆ ಫೋನಿನ ವಿಷಯ ಗೊತ್ತೇ ಇರುವುದಿಲ್ಲ.

ಕ್ಲಬ್ಬಿಗೆ ಬೇರೆ ಮಾತು. ಅದು ಸದಸ್ಯರ ಕ್ಲಬ್. ಒಳಗೆ ನೋಡಬೇಕಾದರೆ ಸದಸ್ಯರೊಬ್ಬರ ಮೂಲಕ ಅಥವಾ ಕಾರ್ಯದರ್ಶಿಗೆ ಮೊದಲೇ ಕೇಳಿ. ಚರ್ಚ್‌ಗೆ ಪಾದ್ರಿಯವರನ್ನು ಹಿಂದಿನ ದಿನ ಕೇಳಿದರೂ ಸಾಕಾಗುತ್ತದೆ.

ಹಂತ 4: ದಿನ ಆರಿಸುವಾಗ ಗಾಳಿ ನೋಡಿ

ಬಿಸಿಲಿಗಿಂತ ಗಾಳಿ ಮುಖ್ಯ. ಆಷಾಢದ ಗಾಳಿ ಎದ್ದಾಗ ದಿಬ್ಬಗಳ ಬೂದು ಪುಡಿ ಮನೆಮನೆಗೂ ನುಗ್ಗುತ್ತದೆ. ಬಟ್ಟೆ ಒಣಹಾಕಲು, ಅನ್ನದ ಪಾತ್ರೆ ತೆರೆದಿಡಲು ಆಗದಂಥ ದಿನಗಳು ಅವು. ಜೂನ್‌ನಿಂದ ಆಗಸ್ಟ್‌ವರೆಗೆ ಮಕ್ಕಳನ್ನು ಕರೆದೊಯ್ಯಬೇಡಿ. ಡಿಸೆಂಬರ್‌ನಿಂದ ಫೆಬ್ರುವರಿ ಮಧ್ಯದವರೆಗೆ ಒಳ್ಳೆಯ ಕಾಲ. ಅಕ್ಟೋಬರ್-ನವೆಂಬರ್‌ನಲ್ಲಿ ಹಿಂಗಾರು ಬಿದ್ದರೆ ಧೂಳು ಅಡಗುತ್ತದೆ, ಆದರೆ ಲೈನ್‌ಗಳ ನಡುವಿನ ಮಣ್ಣು ದಾರಿ ಕೆಸರಾಗುತ್ತದೆ.

ಭಾನುವಾರ ಬೆಳಿಗ್ಗೆ ಚರ್ಚುಗಳಲ್ಲಿ ಆರಾಧನೆ, ಕಚೇರಿಗಳಿಗೆ ರಜೆ. ಅನುಮತಿ ಬೇಕಿದ್ದವರಿಗೆ ವಾರದ ದಿನವೇ ಸರಿ. ಕ್ರಿಸ್‌ಮಸ್ ಮುಂಚಿನ ವಾರ ಊರು ನೋಡಲು ಚೆಂದ, ಆದರೆ ಆ ವಾರ ಯಾವ ಗೈಡೂ ಬಿಡುವಾಗಿರುವುದಿಲ್ಲ.

ಹಂತ 5: ಹೋಗುವ ದಾರಿ

ಕೋಲಾರದಿಂದ: ಬಂಗಾರಪೇಟೆ ಮೇಲೆ ಸುಮಾರು 30 ಕಿ.ಮೀ. ಬಸ್ಸು ಸಾಕಷ್ಟಿವೆ.

ಚಿಕ್ಕಬಳ್ಳಾಪುರದಿಂದ: ಶಿಡ್ಲಘಟ್ಟ, ಚಿಂತಾಮಣಿ, ಶ್ರೀನಿವಾಸಪುರ, ಕೋಲಾರ ಮೇಲೆ ಬಂಗಾರಪೇಟೆಗೆ ರೈಲು ಮಾರ್ಗವಿದೆ. ಗಾಡಿಗಳು ಕಡಿಮೆ, ಹೊರಡುವ ವಾರ ಸಮಯ ನೋಡಿಕೊಳ್ಳಿ. ಬಂಗಾರಪೇಟೆಯಲ್ಲಿ ಮಾರಿಕುಪ್ಪಂ ಗಾಡಿಗೆ ಬದಲಾಯಿಸಬೇಕು. ಹೊಂದಾಣಿಕೆ ಸಿಗದಿದ್ದರೆ ಅಲ್ಲಿಂದ ಬಸ್ಸೇ ವಾಸಿ.

ತುಮಕೂರಿನಿಂದ: ಬೆಂಗಳೂರು ದಾಟಿ ಹೋಗಬೇಕು, ಬೆಳಿಗ್ಗೆ ಐದಕ್ಕೆ ಹೊರಡದಿದ್ದರೆ ಒಂದು ದಿನದಲ್ಲಿ ಆಗದ ಮಾತು. ಆದರೆ ಒಂದು ಅನುಕೂಲವಿದೆ. ಕೆಜಿಎಫ್‌ನ ಸಾವಿರಾರು ಜನ ದಿನಾ ಬೆಂಗಳೂರಿಗೆ ರೈಲಿನಲ್ಲಿ ಕೆಲಸಕ್ಕೆ ಬರುತ್ತಾರೆ. ಅವರು ಬರುವ ಗಾಡಿಗಳು ಕಿಕ್ಕಿರಿದಿರುತ್ತವೆ, ನೀವು ಹೋಗುವುದು ಎದುರು ದಿಕ್ಕಿಗೆ. ಬೆಳಿಗ್ಗೆ ಬೆಂಗಳೂರಿನಿಂದ ಮಾರಿಕುಪ್ಪಂ ಕಡೆಗೆ, ಸಂಜೆ ಮಾರಿಕುಪ್ಪಂನಿಂದ ಬೆಂಗಳೂರಿಗೆ ಕೂರಲು ಜಾಗ ಸಿಗುತ್ತದೆ.

50 ಸೀಟಿನ ಬಸ್ ತರುವವರು ಗಮನಿಸಿ: ಲೈನ್‌ಗಳ ಒಳಗೆ ಅದು ತಿರುಗುವುದಿಲ್ಲ. ದೊಡ್ಡ ರಸ್ತೆಯಲ್ಲಿ ನಿಲ್ಲಿಸಿ ಒಳಗೆ ನಡೆಯಬೇಕು, ಇಲ್ಲವೇ ಎರಡು ಮಿನಿ ಬಸ್ ತನ್ನಿ.

ಹಂತ 6: ಚೀಲದಲ್ಲಿ ಇರಬೇಕಾದ್ದು

ತಲೆಗೆ ಎರಡು ಲೀಟರ್ ನೀರು. ಚಾಂಪಿಯನ್ ರೀಫ್ ಕಡೆ ಅಂಗಡಿಗಳು ವಿರಳ, ಲೈನ್‌ಮನೆಗಳಲ್ಲಿ ನೀರು ಕೇಳಬೇಡಿ. ಅಲ್ಲಿ ನೀರು ಹಿಡಿದಿಡುವುದೇ ಒಂದು ಕೆಲಸ, ಆದರೂ ಕೇಳಿದರೆ ಇಲ್ಲವೆನ್ನದೆ ಕೊಡುತ್ತಾರೆ. ಎನ್‌95 ಮಾಸ್ಕ್ ಒಬ್ಬರಿಗೆ ಎರಡು. ದಿಬ್ಬದ ಪುಡಿ ಅರೆದು ಅರೆದು ಹಿಟ್ಟಾಗಿಸಿದ ಕಲ್ಲು, ಬಟ್ಟೆಯ ಮಾಸ್ಕ್ ಅದನ್ನು ತಡೆಯುವುದಿಲ್ಲ. ಮುಚ್ಚಿದ ಶೂ, ಟೋಪಿ, ಒದ್ದೆ ಬಟ್ಟೆ ಇಡಲು ಒಂದು ಡಬ್ಬಿ, ಸೋಪು. ಚಿಲ್ಲರೆ ನಗದು. ಅನುಮತಿ ಪತ್ರದ ಎರಡು ಪ್ರತಿ, ಹೊಣೆಗಾರರ ಗುರುತಿನ ಚೀಟಿ.

ಡ್ರೋನ್ ಬೇಡ. ಬೆಮಲ್ ರಕ್ಷಣಾ ಇಲಾಖೆಯ ಕಾರ್ಖಾನೆ, ಅದರ ಗೋಡೆ-ಗೇಟುಗಳ ಹತ್ತಿರ ಕ್ಯಾಮೆರಾ ಎತ್ತಿದರೂ ಸಿಬ್ಬಂದಿ ಬಂದು ನಿಲ್ಲುತ್ತಾರೆ.

ಹಂತ 7: ದಿನದ ಕ್ರಮ

ಬೆಳಿಗ್ಗೆ 8ರಿಂದ 8:45, ದಿಬ್ಬ. ಎಲ್ಲರೂ ಇದನ್ನು ಕೊನೆಗೆ ಇಟ್ಟುಕೊಳ್ಳುತ್ತಾರೆ, ಸಂಜೆಯ ಬೆಳಕಿನಲ್ಲಿ ಫೋಟೊ ಚೆನ್ನಾಗಿ ಬರುತ್ತದೆಂದು. ಮಧ್ಯಾಹ್ನದ ನಂತರ ಗಾಳಿ ಏಳುತ್ತದೆ, ಅದಕ್ಕೇ ಮೊದಲು. ರಸ್ತೆಯಲ್ಲೇ ನಿಂತು ಕರವಸ್ತ್ರ ಎತ್ತಿ ಹಿಡಿಯಿರಿ. ಅದು ದಿಬ್ಬದ ಕಡೆಗೆ ಹಾರಿದರೆ ನಿಂತ ಜಾಗ ಸರಿ, ನಿಮ್ಮ ಮುಖದ ಕಡೆ ಹಾರಿದರೆ ಇನ್ನೊಂದು ಬದಿಗೆ ಹೋಗಿ. ಹತ್ತಬೇಡಿ. ಮಳೆ ನೀರು ಕೊರೆದ ಸೀಳುಗಳ ಅಂಚು ಮೇಲಿಂದ ಗಟ್ಟಿ ಕಾಣುತ್ತದೆ, ಕೆಳಗೆ ಪೊಳ್ಳು. ಕಾಲಿಟ್ಟರೆ ಕುಸಿಯುತ್ತದೆ.

ದೂರದಿಂದಲೇ ನೋಡಲು ಬೇಕಾದಷ್ಟಿದೆ. ಮಳೆ ಕೊರೆದ ಗೆರೆಗಳು ಬಾಚಣಿಗೆಯಲ್ಲಿ ಎಳೆದ ಹಾಗೆ ಮೇಲಿಂದ ಕೆಳಕ್ಕೆ ಇಳಿದಿರುತ್ತವೆ. ಗಿಡ ಹಿಡಿದಿರುವುದು ಬುಡದಲ್ಲಿ ಅಲ್ಲೊಂದು ಇಲ್ಲೊಂದು ಕಡೆ ಮಾತ್ರ. ಅದಿರನ್ನು ಪುಡಿ ಮಾಡಿ, ಸೈನೈಡ್ ದ್ರಾವಣದಲ್ಲಿ ಚಿನ್ನ ಕರಗಿಸಿ ತೆಗೆದ ಮೇಲೆ ಉಳಿದ ಹೊಟ್ಟು ಇದು. ಮಕ್ಕಳು ಹಿಡಿ ಪುಡಿ ತುಂಬಿಕೊಂಡು ಬರಲು ಹವಣಿಸುತ್ತಾರೆ, ತಡೆಯಿರಿ. ತಿಂಡಿ ತಿನ್ನುವ ಮುಂಚೆ ಎಲ್ಲರ ಕೈಗೂ ಸೋಪು.

9:30ರಿಂದ 11, ಶಾಫ್ಟು. ಹಲವು ಹೆಡ್‌ಗೇರ್‌ಗಳನ್ನು ಬಿಚ್ಚಿ ಹಾಕಿದ್ದಾರೆ. ಈಗ ಯಾವುದು ನಿಂತಿದೆ, ಯಾವ ರಸ್ತೆಯಿಂದ ಚೆನ್ನಾಗಿ ಕಾಣುತ್ತದೆ ಎಂಬುದು ಗೈಡ್‌ಗೆ ಗೊತ್ತಿರುತ್ತದೆ. ಇಲ್ಲಿ ಆತುರ ಬೇಡ, ದಿನದ ಸಾರವೇ ಇದು. ಮೇಲಿನ ಚಕ್ರ ತೋರಿಸಿ, ಹಗ್ಗ ಎಲ್ಲಿಂದ ಬರುತ್ತಿತ್ತು, ಅದನ್ನು ಎಳೆಯುವ ವೈಂಡರ್ ಮನೆ ಎಲ್ಲಿತ್ತು, ಕೆಳಗಿಳಿಸುವ ಪಂಜರದಲ್ಲಿ (ಗಣಿಯ ಲಿಫ್ಟಿನಲ್ಲಿ) ಎಷ್ಟು ಜನ ನಿಲ್ಲುತ್ತಿದ್ದರು ಎಂದು ಒಂದೊಂದಾಗಿ ಕೇಳಿ. ಚಾಂಪಿಯನ್ ರೀಫ್‌ನ ಆಳ 3 ಕಿ.ಮೀ. ದಾಟಿತ್ತು. ಒಂದೇ ಹಗ್ಗದಲ್ಲಿ ಅಷ್ಟು ಆಳ ಇಳಿಯುತ್ತಿರಲಿಲ್ಲ, ನಡುವೆ ಪಂಜರ ಬದಲಾಯಿಸಬೇಕಿತ್ತು. ಗೈಡ್ ಕೆಳಗಿಳಿದು ದುಡಿದವರಾದರೆ ಎಲ್ಲಿ ಬದಲಾಯಿಸುತ್ತಿದ್ದರು, ಕಿವಿ ಯಾವಾಗ ಕಟ್ಟುತ್ತಿತ್ತು ಎಂಬುದನ್ನು ಅವರೇ ಹೇಳಲಿ. ನೀವು ಅಂತರ್ಜಾಲದಲ್ಲಿ ಓದಿದ್ದನ್ನು ಮಧ್ಯೆ ಒದರಿದರೆ ಆ ಮಾತು ಅಲ್ಲಿಗೇ ನಿಲ್ಲುತ್ತದೆ.

ಏರ್‌ಬ್ಲಾಸ್ಟ್ ಬಗ್ಗೆ ಕೇಳಲು ಮರೆಯಬೇಡಿ. ಒತ್ತಡ ತಾಳದೆ ಆಳದ ಬಂಡೆ ಸಿಡಿಯುವುದಕ್ಕೆ ಇಲ್ಲಿಯ ಹೆಸರು ಅದು. ಮೇಲಿನ ಮನೆಗಳ ಪಾತ್ರೆಗಳೂ ಅದುರುತ್ತಿದ್ದವು. ಭೌತಶಾಸ್ತ್ರದ ಮೇಷ್ಟ್ರು ಜೊತೆಗಿದ್ದರೆ ಇನ್ನೊಂದು ಪಾಠ ಸೇರಿಸಿಕೊಳ್ಳಬಹುದು: ವಾತಾವರಣದಲ್ಲಿ ಹುಟ್ಟಿದ ನ್ಯೂಟ್ರಿನೊ ಎಂಬ ಅತಿ ಸೂಕ್ಷ್ಮ ಕಣಗಳ ಸುಳಿವು 1965ರಲ್ಲಿ ಸಿಕ್ಕಿದ್ದು ಇದೇ ಗಣಿಯ ಆಳದಲ್ಲಿ.

ಶಾಫ್ಟಿನ ಸುತ್ತ ಯಾರಾದರೂ "ಚಿನ್ನದ ಕಲ್ಲು" ಎಂದು ಹೊಳೆಯುವ ಚೂರು ಮಾರಲು ಬಂದರೆ ಕೊಳ್ಳಬೇಡಿ. ಹೊಳೆಯುವುದು ಪೈರೈಟ್ ಅಥವಾ ಅಭ್ರಕ. ಇಲ್ಲಿಯ ಅದಿರಿನಲ್ಲಿ ಚಿನ್ನ ಸಾಮಾನ್ಯವಾಗಿ ಬರಿಗಣ್ಣಿಗೆ ಕಾಣುತ್ತಿರಲಿಲ್ಲ. ಕಪ್ಪು ಶಿಸ್ಟ್ ಕಲ್ಲಿನ ನಡುವೆ ಓಡುವ ಬಿಳಿ ಬೆಣಚುಕಲ್ಲಿನ ಪಟ್ಟಿಯನ್ನು ಹಿಂಬಾಲಿಸಿ ಹೋಗುತ್ತಿದ್ದರು.

11ರಿಂದ 12:15, ಲೈನ್ ಮತ್ತು ಚರ್ಚ್. ಲೈನ್ ಅಂದರೆ ಸಾಲು ಸಾಲು ಕಾರ್ಮಿಕರ ಮನೆ, ಬೆನ್ನಿಗೆ ಬೆನ್ನು ಹಚ್ಚಿದ ಒಂದೊಂದೇ ಕೋಣೆ. ಜನ ವಾಸವಾಗಿದ್ದಾರೆ ಎಂಬುದು ತಲೆಯಲ್ಲಿರಲಿ. ಹತ್ತು ಜನಕ್ಕಿಂತ ಹೆಚ್ಚು ಒಮ್ಮೆಗೆ ಒಳಗೆ ಹೋಗಬೇಡಿ, ದೊಡ್ಡ ಗುಂಪನ್ನು ಎರಡು-ಮೂರು ಪಾಲು ಮಾಡಿ. ಬಾಗಿಲಲ್ಲಿ ಕೂತ ಅಜ್ಜಿಗೆ ಮೊದಲು ನಮಸ್ಕಾರ, ಆಮೇಲೆ ಮಾತು, ಫೋಟೊ ಕೇಳುವುದು ಎಲ್ಲಕ್ಕಿಂತ ಕೊನೆಗೆ. ಮನೆಮಾತು ಬಹುಪಾಲು ತಮಿಳು, ತೆಲುಗೂ ಉಂಟು. ಕನ್ನಡದಲ್ಲಿ ಮಾತಾಡಿಸಿದರೆ ಕನ್ನಡದಲ್ಲೇ ಉತ್ತರ ಬರುತ್ತದೆ, ಅಮ್ಮ, ಅಣ್ಣ ಎಂದರೆ ಎಲ್ಲ ಭಾಷೆಗೂ ಆಯಿತು. ಬಡತನ ನೋಡಲು ಬಂದವರ ಹಾಗೆ ಕಿಟಕಿಯಲ್ಲಿ ಇಣುಕುವವರನ್ನು ಮಾತ್ರ ಇಲ್ಲಿಯವರು ಸಹಿಸುವುದಿಲ್ಲ, ಸಹಿಸಬಾರದು ಕೂಡ.

ಚಾಂಪಿಯನ್ ರೀಫ್‌ನ ಅವರ್ ಲೇಡಿ ಆಫ್ ವಿಕ್ಟರೀಸ್ ಚರ್ಚಿಗೆ ಇಪ್ಪತ್ತು ನಿಮಿಷ ಸಾಕು.

12:30ರಿಂದ 1:45, ಊಟ. ರಾಬರ್ಟ್‌ಸನ್‌ಪೇಟೆಗೆ ಬನ್ನಿ. ಮೂವತ್ತು ಜನರಿದ್ದರೆ ಬೆಳಿಗ್ಗೆಯೇ ಹೋಟೆಲಿಗೆ ಫೋನ್ ಮಾಡಿ ಎಷ್ಟು ಸಸ್ಯಾಹಾರ, ಎಷ್ಟು ಬಿರಿಯಾನಿ ಎಂದು ಹೇಳಿಬಿಡಿ. ಗೈಡ್‌ಗೆ ನಿಮ್ಮ ಜೊತೆಯೇ ಊಟ, ಬೇರೆ ಮೇಜು ಅಲ್ಲ.

2ರಿಂದ 3:45, ಬಂಗಲೆಗಳ ಕಡೆ. ಉರಿಗಾಂನಲ್ಲಿ ಮರಗಳ ಸಾಲು, ಅಗಲ ರಸ್ತೆ, ಇಳಿಜಾರು ಮಾಡು. ಬೆಳಿಗ್ಗೆ ಲೈನ್ ನೋಡಿದ ಕಣ್ಣಿಗೆ ವ್ಯತ್ಯಾಸ ತಾನಾಗಿ ಹೊಳೆಯುತ್ತದೆ. ಅದಕ್ಕೇ ಲೈನ್ ಮೊದಲು, ಬಂಗಲೆ ಆಮೇಲೆ. ತಿರುಗಿಸಿ ನೋಡಿದವರಿಗೆ ಉಳಿಯುವುದು "ಎಷ್ಟು ಚೆಂದದ ಮನೆಗಳು" ಎಂಬುದಷ್ಟೇ. ಒಂದು ಬಂಗಲೆಯ ಎದುರು ನಿಂತು ಹೆಜ್ಜೆಯಲ್ಲಿ ಅಳೆಯಿರಿ: ಗೇಟಿನಿಂದ ಬಾಗಿಲಿಗೆ ಎಷ್ಟು ಹೆಜ್ಜೆ, ಬೆಳಿಗ್ಗೆ ನೋಡಿದ ಸಾಲಿನಲ್ಲಿ ಅಷ್ಟು ದೂರಕ್ಕೆ ಎಷ್ಟು ಬಾಗಿಲು ಬಂದವು. ಬೆಳಿಗ್ಗೆ ಎಣಿಸಿ ಬರೆದಿಟ್ಟುಕೊಂಡಿದ್ದರೆ ಮಾತ್ರ ಇದು ಸಾಧ್ಯ, ಹಾಗಾಗಿ ಒಬ್ಬರಿಗೆ ಆ ಕೆಲಸ ಒಪ್ಪಿಸಿ. ವಿದ್ಯುತ್ತಿನ ಮಾತು ಇಲ್ಲಿ ಎತ್ತಬಹುದು. ಶಿವನಸಮುದ್ರದಿಂದ ಸುಮಾರು 147 ಕಿ.ಮೀ. ತಂತಿ ಎಳೆದು 1902ರಲ್ಲಿ ಕರೆಂಟು ತಂದದ್ದು ಈ ಗಣಿಗಳಿಗಾಗಿ. ಬಂಗಲೆಗೆ ದೀಪ ಯಾವಾಗ ಬಂತು, ಲೈನಿಗೆ ಯಾವಾಗ ಬಂತು ಎಂದು ಗೈಡ್‌ನ ಕೇಳಿ.

ಹಂತ 8: ವಾಪಸ್

ನಾಲ್ಕಕ್ಕೆ ಹೊರಡಿ. ಕಮ್ಮಸಂದ್ರದ ಕೋಟಿಲಿಂಗೇಶ್ವರ ಸೇರಿಸಲೇಬೇಕೆಂದರೆ ಬಂಗಲೆಗಳಿಗೆ ಒಂದು ಗಂಟೆ ಕಡಿಮೆ ಮಾಡಿಕೊಳ್ಳಿ. ಬೆಳಿಗ್ಗೆ ಅಲ್ಲಿಗೆ ಹೋಗಿ ಆಮೇಲೆ ಕೆಜಿಎಫ್ ಎಂದುಕೊಂಡರೆ ಹನ್ನೊಂದಾದರೂ ದೇವಸ್ಥಾನದಿಂದ ಹೊರಬೀಳುವುದಿಲ್ಲ. ಬಂಗಾರಪೇಟೆಯಲ್ಲಿ ಪಾನಿಪುರಿಗೆ ನಿಲ್ಲುವುದು ಸರಿಯೇ, ಪಾನಿ ನೀರಿನ ಹಾಗೆ ತಿಳಿಯಾಗಿರುತ್ತದೆ, ಸಪ್ಪೆ ಎಂದುಕೊಂಡು ಒಮ್ಮೆಗೇ ಬಾಯಿಗೆ ಹಾಕಿದರೆ ಖಾರ ನೆತ್ತಿಗೇರುತ್ತದೆ. ಸಂಜೆಯಾದರೆ ಗುಂಪು ಹೆಚ್ಚು, ಅರ್ಧ ಗಂಟೆ ಲೆಕ್ಕದಲ್ಲಿಡಿ.

ಈ ಸೂಚನೆ ಕಂಡರೆ ಅಲ್ಲಿಗೇ ನಿಲ್ಲಿಸಿ

ನೆಲದಲ್ಲಿ ಕಾಂಕ್ರೀಟ್ ಮುಚ್ಚಳ, ಅದರ ಅಂಚಿನಲ್ಲಿ ಬಿರುಕು ಅಥವಾ ಗಿಡ ಬೆಳೆದ ಗುಂಡಿ. ಹಳೆಯ ಶಾಫ್ಟಿನ ಬಾಯಿ ಇರಬಹುದು, ಕಲ್ಲೆಸೆದು ಆಳ ನೋಡುವ ಆಟ ಬೇಡ. ಕಬ್ಬಿಣ ಕದಿಯಲು ಇಂಥ ಬಾಯಿಗಳಲ್ಲಿ ಇಳಿದು ಪ್ರಾಣ ಕಳೆದುಕೊಂಡವರಿದ್ದಾರೆ.

ಬೇಲಿಯ ತಂತಿ ಕತ್ತರಿಸಿದ ಜಾಗದಲ್ಲಿ ಕಾಲುದಾರಿ. ಊರಿನವರು ಓಡಾಡುತ್ತಾರೆಂದರೆ ಅನುಮತಿ ಇದೆ ಎಂದಲ್ಲ.

ಗಾಳಿಯಲ್ಲಿ ದಿಬ್ಬದ ತುದಿ ಮಸುಕಾಗತೊಡಗಿದರೆ ಪುಡಿ ಎದ್ದಿದೆ ಎಂದರ್ಥ. ಎಲ್ಲರೂ ವಾಹನಕ್ಕೆ, ಕಿಟಕಿ ಮುಚ್ಚಿ. ಉಬ್ಬಸ ಇರುವವರು, ಗರ್ಭಿಣಿಯರು, ಚಿಕ್ಕ ಮಕ್ಕಳು ಬೆಳಗಿನ ದಿಬ್ಬದ ಭಾಗವನ್ನೇ ಬಿಟ್ಟು ನೇರ ಶಾಫ್ಟಿನ ರಸ್ತೆಗೆ ಬಂದು ಸೇರಿಕೊಳ್ಳಲಿ.

ಗೈಡ್ ಮಾತಿನ ನಡುವೆ ಕೆಮ್ಮುತ್ತಾ ನಿಂತರೆ ನೆರಳಿರುವ ಕಡೆ ಕೂರಿಸಿ, ನೀರು ಕೊಡಿ, ಮುಂದಿನ ಒಂದು ಜಾಗವನ್ನು ಪಟ್ಟಿಯಿಂದ ತೆಗೆದುಹಾಕಿ. ಲೈನ್‌ನ ಓಣಿಗೆ ಅವರ ಮಗನೋ ಮೊಮ್ಮಗನೋ ಜೊತೆಗೆ ಬರುವಂತೆ ಹಿಂದಿನ ದಿನವೇ ಹೇಳಿಟ್ಟಿದ್ದರೆ ನಡಿಗೆಯ ಭಾಗ ಅವರು ನೋಡಿಕೊಳ್ಳುತ್ತಾರೆ, ಹಿರಿಯರು ಆಟೋದಲ್ಲೇ ಕೂತು ಕಾಯಬಹುದು.